ಕತ್ತರಿ ಹಾರಿಕೆಯ ದೊಡ್ಡಮ್ಮ

ಎದುರಿಗೆ ಏನೇ ಅಡ್ಡ ಬಂದರೂ ಬಳಸಿ ಹೋಗುವುದು ದೊಡ್ಡಮ್ಮನ ಜಾಯಮಾನವೇ ಅಲ್ಲ. ನೀರಿನ ಕೊಳವೆಯಾಗಲಿ, ಬಾಗಿಲಲ್ಲಿ ಮಲಗಿದ ನಾಯಿಯಾಗಲಿ, ಎಡಗಾಲನ್ನು ತುಸು ಬಾಗಿಸಿ, ಬಲಗಾಲನ್ನು ನೀಳವಾಗಿ ಎತ್ತಿ, ಗಾಂಭೀರ್ಯಕ್ಕೆ ಲೋಪ ಬಾರದಂತೆ ದಾಟಿಯೇ ಮುಂದಡಿಯಿಡುವರು. ಅರವತ್ತರ ಹತ್ತಿರ ಇದೇನು ಹುಚ್ಚು ಎಂದು ನೆರೆಯವರು ನಕ್ಕರೆ, ಕಾಲಿಗೆ ಮರೆವು ಬರಬಾರದು ಎನ್ನುತ್ತಿದ್ದರು.

ಅವರ ಯೌವನದಲ್ಲಿ ಎತ್ತರ ಜಿಗಿತವೆಂದರೆ ಕತ್ತರಿ ಹಾರಿಕೆ: ಒಂದರ ಹಿಂದೊಂದು ಕಾಲು ಬೀಸಿ ಅಡ್ಡಕೋಲನ್ನು ದಾಟಿ, ಆಚೆಯ ಮರಳಗುಂಡಿಯಲ್ಲಿ ನೆಟ್ಟಗೆ ನಿಲ್ಲಬೇಕು. ಹೆಣ್ಣುಮಕ್ಕಳು ಲಂಗದಲ್ಲೇ ಹಾರಬೇಕೆಂಬ ಕಟ್ಟಳೆಯಿದ್ದ ಆ ಕಾಲದಲ್ಲಿ, ಲಂಗದ ಅಂಚನ್ನು ಪಿನ್ನು ಚುಚ್ಚಿ ಬಿಗಿದುಕೊಂಡು ಅವರು ಸ್ಥಾಪಿಸಿದ ದಾಖಲೆಯನ್ನು ಊರಿನಲ್ಲಿ ಯಾರೂ ಮುರಿದಿರಲಿಲ್ಲ.

ಆಮೇಲೆ ಮರಳಿನ ಜಾಗಕ್ಕೆ ದಪ್ಪ ಸ್ಪಂಜಿನ ಹಾಸಿಗೆ ಬಂತು. ಕುತ್ತಿಗೆ ಮುರಿಯುವ ಭಯ ಹೋದದ್ದೇ ತಡ, ಜಗತ್ತೆಲ್ಲ ಅಡ್ಡಕೋಲಿಗೆ ಬೆನ್ನು ಮಾಡಿ ಅಂಗಾತ ಹಾರತೊಡಗಿತು. ತರಬೇತುಗಾರ್ತಿಯಾಗಿದ್ದ ದೊಡ್ಡಮ್ಮ ಮಾತ್ರ ಜಗ್ಗಲಿಲ್ಲ. ಬೆನ್ನು ತೋರಿಸಿ ಗೆದ್ದವರನ್ನು ಎಲ್ಲಾದರೂ ಕಂಡಿದ್ದೀರಾ ಎಂದು ಹಂಗಿಸುವರು. ಆದರೆ ಅವರ ಗರಡಿಯಲ್ಲೇ ಪಳಗಿದ ತಂಗಿಯ ಮಗಳು ಸ್ಪರ್ಧೆಯಿಂದ ಸ್ಪರ್ಧೆಗೆ ಸೋತು ಸೋತು, ಒಂದು ಸಂಜೆ ಬೂಟಿನ ಲೇಸು ಬಿಚ್ಚುತ್ತ, ತಲೆಯೆತ್ತದೆ ಹೇಳಿದಳು: "ದೊಡ್ಡಮ್ಮ, ನಂಗೆ ಹೊಸ ರೀತಿ ಕಲಿಸು. ಇಲ್ಲಾಂದ್ರೆ ಬೇರೆಯವರ ಹತ್ರ ಹೋಗ್ತೀನಿ."

ದೊಡ್ಡಮ್ಮನ ಮುಖ ಕಪ್ಪಿಟ್ಟಿತು, ಆದರೂ ಬೈಯಲಿಲ್ಲ. ಅವಳ ಪಕ್ಕದಲ್ಲಿ ಕೂತು, "ನಾನೇ ಹಾರದ್ದನ್ನ ನಿಂಗೆ ಹೇಗೆ ಕಲಿಸ್ಲಿ? ಸ್ವಲ್ಪ ದಿನ ತಡಿ," ಎಂದರು.

ಮಾರನೆಯ ಬೆಳಗಿನಿಂದಲೇ ಅಡ್ಡಕೋಲನ್ನು ಸೊಂಟಕ್ಕಿಂತ ಕೆಳಗಿಳಿಸಿ ಅಭ್ಯಾಸಕ್ಕೆ ತೊಡಗಿದರು. ತರಬೇತಿಗೆ ಬರುತ್ತಿದ್ದ ಹುಡುಗಿಯರು ಬಾಯಿ ಮುಚ್ಚಿಕೊಂಡು ನಕ್ಕರು. ಒಮ್ಮೆ ಹಾಸಿಗೆಯ ಅಂಚು ತಪ್ಪಿ ಬಿದ್ದು ಭುಜದ ಮೂಳೆ ಜಾರಿತು. ಮನೆಯವರು ಬೈದರು, ವೈದ್ಯರು ಗದರಿದರು. ಕೈಯ ಕಟ್ಟು ಬಿಚ್ಚಿ ಮೈ ಸರಿಹೋದ ಮೇಲೆ ಅವರು ಮತ್ತೆ ಮೈದಾನದಲ್ಲೇ ಪ್ರತ್ಯಕ್ಷ. ಕೊನೆಗೊಂದು ದಿನ ಕೋಲು ಅಲುಗಲಿಲ್ಲ. ಹಾಸಿಗೆಯ ಮೇಲೆ ಅಂಗಾತ ಬಿದ್ದವರು ಏಳದೆ, ಓಡಿಬಂದ ತಂಗಿಯ ಮಗಳಿಗೆ ಮೆಲ್ಲಗೆ ಹೇಳಿದರು: "ನಾವೆಲ್ಲ ನೆಲ ನೋಡ್ಕೊಂಡೇ ಹಾರ್ತಿದ್ವಿ ಕಣೇ. ಇದ್ರಲ್ಲಿ ಆಕಾಶ ಕಾಣುತ್ತೆ."

ಅವಳಿಗೆ ಕಲಿಸಿದರು. ಮುಂದಿನ ವರ್ಷ ಅವಳು ದೊಡ್ಡಮ್ಮನ ದಾಖಲೆಯನ್ನೇ ಮುರಿದಾಗ ಎಲ್ಲರಿಗಿಂತ ಮೊದಲು ಎದ್ದು ನಿಂತು ಚಪ್ಪಾಳೆ ತಟ್ಟಿದವರು ಅವರೇ.

ಆಟಗಳು ಯುಗದಿಂದ ಯುಗಕ್ಕೆ ಬದಲಾದದ್ದು ಹೀಗೆಯೇ ಇರಬೇಕು. ಎಳೆಯರು ಹೊಸದನ್ನು ತರುತ್ತಾರೆ. ತಾವು ಬಲ್ಲದ್ದನ್ನು ಬದಿಗಿಟ್ಟು, ಎಲ್ಲರೆದುರು ಮತ್ತೆ ಬೀಳಲು ಒಪ್ಪುವ ಹಿರಿಯರು ಇರುವಲ್ಲಿ ಅದು ಬೇರೂರುತ್ತದೆ. ಅಂಥ ಹಿರಿಯರು ವಿರಳ. ನಾಚಿಕೆಯನ್ನು ದಾಟುವ ಅವರ ಜಿಗಿತವನ್ನು ಅಳೆಯುವ ಕೋಲು ಯಾವ ಮೈದಾನದಲ್ಲೂ ಇಲ್ಲ.