ಕೇಳುವವರ ಕೈ

ವಹಾಬನ ಪುಸ್ತಕಕ್ಕೆ ರಟ್ಟು ಇರಲಿಲ್ಲ. ಬೆಂಗಳೂರಿನ ಫುಟ್‌ಪಾತಿನಲ್ಲಿ ಹಳೆಯ ಗೈಡುಗಳ ರಾಶಿಯಡಿ ಸಿಕ್ಕಿದ್ದು ಅದು. ಮೊದಲ ಹಾಳೆಗಳು ಎಂದೋ ಉದುರಿಹೋಗಿ, ಬರೆದ ಪುಣ್ಯಾತ್ಮ ಯಾರೆಂದು ಕೂಡ ತಿಳಿಯುತ್ತಿರಲಿಲ್ಲ. ಸಿನಿಮಾಕ್ಕೆ ಕತೆ ಹೆಣೆಯುವುದು ಹೇಗೆ, ದೃಶ್ಯ ಎಲ್ಲಿ ಶುರುಮಾಡಬೇಕು, ಮಾತು ಎಲ್ಲಿ ನಿಲ್ಲಿಸಬೇಕು ಎಂದೆಲ್ಲ ಕಲಿಸುವ ಪುಸ್ತಕ. ಅದನ್ನು ಓದಿದ ಜಾಗ ಮಾತ್ರ ಬರೆದವನ ಕನಸಿಗೂ ಬಂದಿರಲಿಕ್ಕಿಲ್ಲ. ರಾಮನಗರದ ತಾಜ್ ಪಾಷಾನ ರೇಷ್ಮೆ ಶೆಡ್ಡಿನಲ್ಲಿ ಗೂಡು ಬೇಯಿಸುವ ಕೆಲಸ ವಹಾಬನದು. ಬೆಂದ ಗೂಡನ್ನು ಜಾಲರಿಯಲ್ಲಿ ಎತ್ತಿ ಹೆಂಗಸರ ಬೇಸಿನ್ನುಗಳಿಗೆ ಸುರಿಯುವುದು, ಒಲೆಗೆ ಸೌದೆ ನೂಕುವುದು, ಮತ್ತೆ ಕುಕ್ಕರಗಾಲಲ್ಲಿ ಕೂತು ಪುಸ್ತಕ ಬಿಡಿಸುವುದು. ಹಬೆ ತಾಗಿ ತಾಗಿ ಹಾಳೆಗಳು ಹಪ್ಪಳದಂತೆ ಸೊಟ್ಟಗಾಗಿದ್ದವು. ಬೆಂದ ಹುಳುವಿನ ವಾಸನೆ ಅದಕ್ಕೆ ಎಷ್ಟು ಹಿಡಿದಿತ್ತೆಂದರೆ ಅವನ ಅಕ್ಕ ಹಫೀಜಾ ಅದನ್ನು ಮನೆಯ ಹೊಸಿಲು ದಾಟಿಸಲು ಬಿಡುತ್ತಿರಲಿಲ್ಲ.

ಈ ಊರಿಗೆ ಸಿನಿಮಾ ಹುಚ್ಚು ಹೊಸದೇನಲ್ಲ. ಸುತ್ತಲ ಬಂಡೆಗಳ ಮೇಲೆ ಶೂಟಿಂಗ್ ನಡೆಯದ ವರ್ಷವಿಲ್ಲ. ಕೋವಿ ಹಿಡಿದು ಓಡುವ ಗುಂಪಿನಲ್ಲಿ ಬೆನ್ನು ಮಾತ್ರ ಕಾಣಿಸಿದವನು ಕೂಡ ಅದನ್ನೇ ಜೀವಮಾನವಿಡೀ ಹೇಳಿಕೊಂಡು ತಿರುಗುತ್ತಾನೆ. ವಹಾಬನಿಗೆ ಬೆನ್ನನ್ನಾಗಲಿ ಮುಖವನ್ನಾಗಲಿ ತೋರಿಸುವ ಆಸೆ ಇರಲಿಲ್ಲ. ಪರದೆಯ ಮೇಲೆ 'ಕತೆ: ವಹಾಬ್' ಎಂದು ಬರಬೇಕು, ಅಷ್ಟೇ. ಆ ಅಷ್ಟಕ್ಕಾಗಿ ಮದುವೆಯನ್ನು ಮುಂದಕ್ಕೆ ಹಾಕುತ್ತ ಹಾಕುತ್ತ ನಲವತ್ತು ದಾಟಿಸಿಕೊಂಡು, ಗಂಡ ತೀರಿಕೊಂಡ ಅಕ್ಕನ ಮನೆಯಲ್ಲೇ ಉಳಿದುಬಿಟ್ಟಿದ್ದ.

ಪುಸ್ತಕದ ಎರಡು ಮಾತಿಗೆ ಅವನು ಕೆಂಪು ಗೀಟು ಎಳೆದಿದ್ದ. ಬರೆಯುವ ಮುಂಚೆ ಕತೆಯನ್ನು ಕೆಲಸದಲ್ಲಿರುವವರಿಗೆ ಹೇಳಿ ನೋಡು, ಆದರೆ ಅವರ ಮುಖ ನೋಡಬೇಡ, ಮುಖ ಮುಲಾಜಿಗೂ ನಗುತ್ತದೆ, ಕೈ ನೋಡು, ಕೈ ನಿಂತರೆ ಕತೆ ಹಿಡಿದಿದೆ ಎಂಬುದು ಒಂದು. ಕೇಳುವವರು ಯಾರನ್ನು ಹಚ್ಚಿಕೊಂಡಿದ್ದಾರೋ ಅವರನ್ನೇ ಕಿತ್ತುಕೊಳ್ಳಬೇಕು, ಉಳಿಸಿಕೊಟ್ಟರೆ ಮನೆಗೆ ಹೋಗಿ ಉಂಡು ಮರೆತುಬಿಡುತ್ತಾರೆ ಎಂಬುದು ಇನ್ನೊಂದು.

ರೇಷ್ಮೆ ಬಿಚ್ಚುವ ಶೆಡ್ಡಿನಲ್ಲಿ ಕೈ ನಿಲ್ಲುವುದೆಂದರೆ ಏನೆಂದು ಆ ಪುಸ್ತಕ ಬರೆದವನಿಗೆ ಗೊತ್ತಿರಲಿಲ್ಲ, ಪಾಪ. ಅಲ್ಲಿ ಹೆಂಗಸರ ಬೆರಳು ಬಿಸಿನೀರಿನಲ್ಲಿ ಗೂಡಿನ ಎಳೆ ಹುಡುಕುತ್ತಲೇ ಇರಬೇಕು, ಮುಗಿದ ಎಳೆಗೆ ಹೊಸದನ್ನು ಸೇರಿಸುತ್ತಲೇ ಇರಬೇಕು. ಒಂದು ಗಳಿಗೆ ತಡೆದರೆ ನೂಲು ಸಣ್ಣಗಾಗಿ ಕಡಿಯುತ್ತದೆ. ಕೈಯಲ್ಲಿ ಚರಕ ತಿರುಗಿಸುತ್ತಿದ್ದ ಕಾಲದಲ್ಲಾದರೆ ನೂಲು ಕಡಿದಾಗ ಚರಕವನ್ನು ನಿಲ್ಲಿಸುತ್ತಿದ್ದರು. ತಾಜ್ ಪಾಷಾ ಮೋಟರು ಹಾಕಿಸಿದ ಮೇಲೆ ಒಂದೇ ಉದ್ದ ಬೆಲ್ಟು ಎಲ್ಲ ಚರಕಗಳನ್ನೂ ತಿರುಗಿಸುತ್ತಿತ್ತು. ಒಬ್ಬಳ ನೂಲು ಕಡಿಯಿತೆಂದು ಮೋಟರು ಆರಿಸಿದರೆ ಎಲ್ಲರ ಕೆಲಸವೂ ನಿಲ್ಲುತ್ತದೆ, ಎಲ್ಲರ ಬಾಯಿಗೂ ಬೀಳಬೇಕಾಗುತ್ತದೆ. ಹಾಗಾಗಿ ತಿರುಗುವ ಚರಕದ ಹಿಂದಕ್ಕೆ, ಬೆಲ್ಟಿನ ಪಕ್ಕದಲ್ಲೇ ಕೈ ತೂರಿಸಿ, ಕಡಿದ ತುದಿಯನ್ನು ಚಕ್ಕನೆ ಎಳೆದುಕೊಳ್ಳುವುದು ಅಲ್ಲಿಯ ರೂಢಿಯಾಗಿತ್ತು. ಕೈ ಹೋದಷ್ಟೇ ಬೇಗ ವಾಪಸು ಬರಬೇಕು. ಎಲ್ಲರಿಗೂ ಅಭ್ಯಾಸವಾಗಿತ್ತು, ಯಾರೂ ಅದನ್ನು ದೊಡ್ಡದು ಮಾಡಿರಲಿಲ್ಲ.

ಒಲೆಗೆ ಹತ್ತಿರದ ಬೇಸಿನ್ನು ಹಫೀಜಾಳ ಮಗಳು ಮುನ್ನೀದು. ಇಪ್ಪತ್ತು ತುಂಬಿದ ಹುಡುಗಿ. ಕತೆ ಕೇಳುವುದರಲ್ಲಿ ಅವಳಷ್ಟು ಆಸೆಬುರುಕಿ ಇನ್ನೊಬ್ಬಳಿಲ್ಲ, ಜಗಳಗಂಟಿಯೂ ಇಲ್ಲ. ಪುಸ್ತಕದ ನಿಯಮಗಳೆಲ್ಲ ಅವಳಿಗೂ ಬಾಯಿಪಾಠವಾಗಿದ್ದವು. ವಹಾಬನ ಕತೆಯಲ್ಲಿ ಗೌರಿ ಎಂಬ ಹುಡುಗಿಯಿದ್ದಳು. ಕಲ್ಲುಕ್ವಾರಿಯ ಕೇಡಿಗಳ ಜೊತೆ ಸೇರಿದ ಅಣ್ಣನನ್ನು ಹುಡುಕಿಕೊಂಡು ಸಾವನದುರ್ಗ ಹತ್ತುವವಳು ಅವಳು.

"ಗೌರೀನ ಸಾಯಿಸ್ಬೇಡ ಮಾಮು," ಎನ್ನುತ್ತಿದ್ದಳು ಮುನ್ನೀ.

"ಉಳಿಸಿದ್ರೆ ಯಾರೂ ತಗೊಳಲ್ಲ ಕಣಮ್ಮಿ. ಪುಸ್ತಕ್ದಾಗೆ ಐತೆ."

"ಅದ್ನ ಬರ್ದೋನ್ಗೆ ಅಕ್ಕತಂಗೀರು ಇರ್ಲಿಲ್ವಾ?"

ಪಕ್ಕದ ಬೇಸಿನ್ನಿನ ಬೋರಮ್ಮ, ಕಬ್ಬಾಳಿನಿಂದ ಮದುವೆಯಾಗಿ ಬಂದ ಹಿರಿಯ ಹೆಂಗಸು, ನೀರಿನಿಂದ ಕಣ್ಣೆತ್ತದೆ ಹೇಳುವಳು: "ಸಾಯೋದ್ನ ನೋಡಕ್ಕೆ ಟಿಕೇಟ್ ಯಾಕ್ಲಾ ವಹಾಬು, ನಮ್ ಬೀದೀಲೇ ಬೇಕಾದಷ್ಟು ಐತೆ."

"ಅದಿರ್ಲಿ, ನಿನ್ ಕತೇಲಿ ಯಾರೂ ರೇಷ್ಮೆ ಬಿಚ್ಚಲ್ವಲ್ಲ, ಯಾಕೆ?" ಎಂದು ಮುನ್ನೀ ಒಮ್ಮೆ ಕೇಳಿದ್ದಳು.

"ಈ ಗಬ್ಬುನಾತಾನ ಯಾರ್ ಕೂತು ನೋಡ್ತಾರೆ," ಎಂದು ವಹಾಬ್ ನಕ್ಕುಬಿಟ್ಟಿದ್ದ.

ನಗುವಾಗಲೂ ಅವನ ಕಣ್ಣು ಅವರ ಕೈಗಳ ಮೇಲಿರುತ್ತಿತ್ತು. ಯಾರದಾದರೂ ನೂಲು ಕಡಿದರೆ ತಾಜ್ ಪಾಷಾ ಬೈಯುತ್ತಿದ್ದ, ವಹಾಬ್ ಒಳಗೊಳಗೇ ಹಿಗ್ಗುತ್ತಿದ್ದ.

ಆ ಚಳಿಗಾಲ ಬೆಟ್ಟದ ಬುಡಕ್ಕೆ ಒಬ್ಬ ನಿರ್ದೇಶಕರು ಶೂಟಿಂಗಿಗೆ ಬಂದರು. ವಹಾಬ್ ಕೆಲಸಕ್ಕೆ ಚಕ್ಕರ್ ಹೊಡೆದು, ಬಂಡೆಯ ನೆರಳಲ್ಲಿ ದಿನವೆಲ್ಲ ಕಾದು, ಅವರು ಕಾರು ಹತ್ತುವ ಹೊತ್ತಿಗೆ ಅಡ್ಡ ನಿಂತ. ಆ ಮನುಷ್ಯ ಒಳ್ಳೆಯವನೇ. ಸಂಕ್ರಾಂತಿ ಕಳೆದ ಮೇಲೆ ಗಾಂಧಿನಗರದ ಲಾಡ್ಜಿಗೆ ಬಾ, ಒಂದೇ ಪಟ್ಟಿಗೆ ಕತೆ ಹೇಳು, ಕೊನೆ ಗಟ್ಟಿಯಾಗಿದ್ದರೆ ನೋಡೋಣ ಎಂದರು. ವಹಾಬನಿಗೆ ಊಟ ಸೇರಲಿಲ್ಲ. ಇಷ್ಟು ವರ್ಷ ಯಾರೂ ಅವನಿಗೆ 'ಬಾ' ಎಂದಿರಲಿಲ್ಲ, ಇದು ತಪ್ಪಿದರೆ ಇನ್ನೊಬ್ಬರು ಅನ್ನುವುದೂ ಇಲ್ಲ ಎಂದು ಅವನಿಗೆ ಗೊತ್ತಿತ್ತು.

ಬೆಂಗಳೂರಿಗೆ ಹೋಗುವ ದಿನ ಹತ್ತಿರ ಬಂದಾಗ ಅವನು ಕೊನೆಯ ದೃಶ್ಯವನ್ನು ಶೆಡ್ಡಿನಲ್ಲಿ ಹೇಳಲು ನಿಂತ. ಅಂದು ಒಲೆಯ ಮುಂದಿನಿಂದ ಎದ್ದು ಬೇಸಿನ್ನುಗಳ ಎದುರಿಗೇ ಬಂದ. ಗೌರಿ ಬಂಡೆಯ ಅಂಚಿನಿಂದ ಜಾರಿದ್ದಾಳೆ. ಅಣ್ಣ ಹೊಟ್ಟೆಯ ಮೇಲೆ ಮಲಗಿ ಅವಳ ಕೈ ಹಿಡಿದಿದ್ದಾನೆ. ಹಿಂದಿನಿಂದ ಕೇಡಿಗಳು ಬರುತ್ತಿದ್ದಾರೆ. ವಹಾಬ್ ದನಿ ತಗ್ಗಿಸಿದ. ಮೋಟರಿನ ಸದ್ದಿನ ನಡುವೆ ಕೇಳಿಸಿಕೊಳ್ಳಲು ಹೆಂಗಸರು ಮುಂದಕ್ಕೆ ಬಾಗಿದರು. ಆಗಲೇ ಮುನ್ನೀಯ ನೂಲು ಕಡಿಯಿತು. ಕಣ್ಣು ಮಾಮನ ಮೇಲಿದ್ದಂತೆಯೇ ಅವಳ ಬಲಗೈ ಅಭ್ಯಾಸದಿಂದ ಚರಕದ ಹಿಂದಕ್ಕೆ ಹೋಯಿತು.

"ಅಣ್ಣ," ಎಂದ ವಹಾಬ್, "ಕೈ ಬುಟ್ಟ."

ಪುಸ್ತಕ ಹೇಳಿದ ಹಾಗೆಯೇ ಅಲ್ಲಿ ಮಾತು ನಿಲ್ಲಿಸಿ ಕೈಗಳನ್ನು ನೋಡಿದ. ಬೋರಮ್ಮನ ಕೈ ನೀರಿನ ಮೇಲೆ ನಿಂತಿತ್ತು. ಸಾಲಿನ ಕೈಗಳೆಲ್ಲ ನಿಂತಿದ್ದವು. ಮುನ್ನೀಯ ಕೈ ಕೂಡ, ಹಿಂದೆ, ಬೆಲ್ಟಿನ ಪಕ್ಕದಲ್ಲಿ, ನಿಂತಿತ್ತು. ಅವನು ಅದನ್ನು ಸ್ಪಷ್ಟವಾಗಿ ಕಂಡ. ಕಂಡು ಅವನಿಗೆ ಖುಷಿಯಾಯಿತು. ಇಷ್ಟು ವರ್ಷಗಳಲ್ಲಿ ಹೀಗೆ ಎಲ್ಲರ ಕೈಯೂ ಒಟ್ಟಿಗೆ ನಿಂತದ್ದೇ ಇಲ್ಲ. ಕೈ ಎಲ್ಲಿ ನಿಂತಿದೆ ಎಂಬುದು ಅವನ ತಲೆಗೆ ಹೋಗುವಷ್ಟರಲ್ಲಿ ಬೆಲ್ಟು ಅದನ್ನು ಚಕ್ರದೊಳಕ್ಕೆ ಎಳೆದುಕೊಂಡಿತ್ತು.

ಮೋಟರು ಆರಿಸಿದ್ದು ಬೋರಮ್ಮ. ವಹಾಬ್ ನಿಂತಲ್ಲೇ ನಿಂತಿದ್ದ.

ಬೆಂಗಳೂರಿನ ಆಸ್ಪತ್ರೆಯಲ್ಲಿ ಹೆಬ್ಬೆರಳು, ಕಿರುಬೆರಳು ಉಳಿಸಿಕೊಟ್ಟರು. ನಡುವಿನವನ್ನು ತೆಗೆದರು. ಎಳೆ ಹುಡುಕುವ ಬೆರಳುಗಳು ಅವೇ. ತಾಜ್ ಪಾಷಾ ಬೆಲ್ಟಿಗೆ ಜಾಲರಿ ಹಾಕಿಸಿದ, ಮೊದಲೇ ಯಾಕೆ ಹಾಕಿಸಲಿಲ್ಲವೆಂದು ಯಾರೂ ಕೇಳಲಿಲ್ಲ. ಬೋರಮ್ಮ ಕಬ್ಬಾಳಮ್ಮನಿಗೆ ಹರಕೆ ಹೊತ್ತಳು. "ನಂದೇ ತಪ್ಪು, ನೋಡ್ಕೊಂಡು ಕೈ ಹಾಕ್ಬೇಕಿತ್ತು," ಎಂದು ಮುನ್ನೀ ಬಂದವರಿಗೆಲ್ಲ ಹೇಳಿದಳು. ವಹಾಬನನ್ನು ಒಬ್ಬರೂ ದೂರಲಿಲ್ಲ. ದೂರಿದ್ದರೆ ಒಂದಿಷ್ಟು ಹಗುರವಾಗುತ್ತಿತ್ತೋ ಏನೋ. ಅವನನ್ನು ಸುಡುತ್ತಿದ್ದುದು ಆ ಗಳಿಗೆಯ ಖುಷಿ, ಅದು ಅವನೊಬ್ಬನಿಗೇ ಗೊತ್ತಿತ್ತು. ಪುಸ್ತಕವನ್ನು ಒಲೆಗೆ ಹಾಕಬೇಕೆಂದು ಹೊರಟ. ಹಾಕಲಿಲ್ಲ. ಸೌದೆಯ ರಾಶಿಯ ಹಿಂದೆ ಸಿಕ್ಕಿಸಿಟ್ಟ.

ಸಂಕ್ರಾಂತಿ ಕಳೆಯಿತು. ಹೋಗುವುದೋ ಬೇಡವೋ ಎಂದು ಒದ್ದಾಡುತ್ತಿದ್ದವನನ್ನು ಹಫೀಜಾಳೇ ಎಬ್ಬಿಸಿದಳು. "ಹೋಗ್ಬಾ. ಇಷ್ಟ್ ವರ್ಷ ಕಾದಿದ್ದು ನೀನು. ಮನೇಲಿ ಒಬ್ರದ್ದಾದ್ರೂ ಒಂದ್ ಕೆಲ್ಸ ಆಗ್ಲಿ."

ಬ್ಯಾಂಡೇಜಿನ ಕೈಯನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದ ಮುನ್ನೀ ಹೇಳಿದಳು: "ಗೌರೀನ ಉಳ್ಸು ಮಾಮು. ಅಣ್ಣ ಕೈ ಬುಡೋದ್ ಬೇಡ."

"ಆಯ್ತು," ಎಂದ ವಹಾಬ್.

ಲಾಡ್ಜಿನ ರೂಮಿನಲ್ಲಿ ನಿರ್ದೇಶಕರು ಮಂಚದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು ಎಲೆಯಡಿಕೆ ಹಾಕಿಕೊಳ್ಳುತ್ತಿದ್ದರು. ವಹಾಬ್ ಗೌರಿಯ ಕತೆ ಹೇಳಿದ. ಉಸಿರು ಕಟ್ಟಿ ಹೇಳಿದ. ಕೊಟ್ಟ ಮಾತಿನಂತೆ ಅವಳನ್ನು ಉಳಿಸಿಯೂ ಉಳಿಸಿದ. ಅವರು ತಲೆಯಾಡಿಸಿದರು, ಎರಡು ಕಡೆ ನಕ್ಕರು ಕೂಡ. ಅವರ ಕೈ ಮಾತ್ರ ಎಲೆಯ ತೊಟ್ಟು ಮುರಿಯುತ್ತ, ಸುಣ್ಣ ಸವರುತ್ತ, ಅಡಿಕೆ ಆರಿಸುತ್ತ ಒಂದು ಸಲವೂ ತಡೆಯಲಿಲ್ಲ. ಮುಗಿಯುವ ಮುಂಚೆಯೇ ವಹಾಬನಿಗೆ ತಿಳಿದುಹೋಗಿತ್ತು.

"ಚೆನ್ನಾಗಿದೆ," ಎಂದರು ನಿರ್ದೇಶಕರು. "ಆದ್ರೆ ಈ ಥರದ್ದು ದಿನಾ ಕೇಳ್ತೀನಪ್ಪ. ನಿನ್ನ ಹತ್ರ ಬೇರೇನಾದ್ರೂ ಇದ್ಯಾ?"

ಇಲ್ಲ ಸಾರ್ ಎಂದು ಎದ್ದು ಬರಬೇಕಿತ್ತು. ಎದ್ದು ಬಂದಿದ್ದರೆ ಮುಂದಿನ ರೈಲಿಗೆ ಮನೆ, ನಾಳೆ ಮತ್ತೆ ಒಲೆ, ಗೂಡು, ಜಾಲರಿ. ವಹಾಬ್ ಬಾಗಿಲ ಕಡೆ ನೋಡಿದ. ನೋಡುತ್ತಿದ್ದಂತೆಯೇ ಅವನ ಬಾಯಿ ತೆರೆದುಕೊಂಡಿತು. "ಒಂದು ರೇಷ್ಮೆ ಶೆಡ್ಡು ಸಾರ್. ಅಲ್ಲೊಬ್ಬ ಹುಡುಗಿ. ಕತೆ ಅಂದ್ರೆ ಪ್ರಾಣ ಅವ್ಳಿಗೆ."

ಅವನು ದನಿ ಏರಿಸಲಿಲ್ಲ, ನಟಿಸಲಿಲ್ಲ. ಬಿಸಿನೀರು, ಹುಳುವಿನ ವಾಸನೆ, ಕಡಿದ ನೂಲು, ಬೆಲ್ಟು. ಕತೆ ಹೇಳುವವನ ಖುಷಿಯನ್ನೂ ಬಿಡಲಿಲ್ಲ. ಅಕ್ಕನಿಗೂ ಹೇಳದಿದ್ದುದನ್ನು ಗುರುತಿಲ್ಲದ ಮನುಷ್ಯನ ಮುಂದೆ ಸುರಿದುಬಿಟ್ಟ. ಸುಣ್ಣದ ಬೆರಳು ಎಲೆಯ ಮೇಲೆ ನಿಂತಿತು. ವಹಾಬ್ ಅದನ್ನು ಕಂಡ.

"ಆಮೇಲೆ? ಆ ಹುಡುಗಿ?"

"ಬೆರಳು ಹೋದ್ವು ಸಾರ್. ಮನೇಲವ್ಳೆ."

"ಓ, ಅಷ್ಟೇನಾ," ಎಂದರು ನಿರ್ದೇಶಕರು. ಬೆರಳು ಮತ್ತೆ ಎಲೆಯ ಮೇಲೆ ಮೆಲ್ಲಗೆ ಸರಿಯತೊಡಗಿತು.

ಆ ಸರಿಯುವ ಬೆರಳನ್ನು ವಹಾಬನಿಂದ ತಡೆದುಕೊಳ್ಳಲಾಗಲಿಲ್ಲ. "ಅಷ್ಟೇ ಅಲ್ಲ ಸಾರ್," ಎಂದ. "ನಂಜಾಯ್ತು. ಸತ್ತೋದ್ಲು."

ಬೆರಳು ನಿಂತಿತು. ನಿರ್ದೇಶಕರು ಎಲೆಯನ್ನು ತಟ್ಟೆಗೆ ಹಾಕಿ, ಕೈ ಒರೆಸಿಕೊಂಡು, ಬಾಗಿಲು ಹಾಕಿ ಬಂದು ಮೊದಲಿನಿಂದ ಇನ್ನೊಮ್ಮೆ ಹೇಳು ಎಂದರು. ವಹಾಬ್ ಹೇಳಿದ. ಎರಡನೆಯ ಸಲ ಸಾಯಿಸುವಾಗ ಅವನ ನಾಲಿಗೆ ತೊದಲಲಿಲ್ಲ. ಇದನ್ನು ಮಾಡೋಣ, ನಿನ್ನ ಹೆಸರಲ್ಲೇ ಬರಲಿ ಎಂದು ಅವರು ಭುಜ ತಟ್ಟಿ ಕಳಿಸಿದರು.

ಅವನು ಮನೆ ಮುಟ್ಟಿದಾಗ ಇನ್ನೂ ಬೆಳಕಿತ್ತು. ಮುನ್ನೀ ಬಾಗಿಲ ಮೆಟ್ಟಿಲ ಮೇಲೆ ಕೂತು ಎಡಗೈಯಲ್ಲಿ ಬೆಳ್ಳುಳ್ಳಿ ಸುಲಿಯಲು ಕಲಿಯುತ್ತಿದ್ದಳು. ಸುಲಿದದ್ದಕ್ಕಿಂತ ಕೆಳಗೆ ಉರುಳಿದ್ದೇ ಹೆಚ್ಚು.

"ಗೌರಿ ಉಳಿದ್ಲಾ?"

"ಉಳಿದ್ಲು. ಆದ್ರೆ ಆ ಕತೆ ಬೇಡ ಅಂದ್ಬುಟ್ರು."

ಅವಳ ಮುಖ ಬಾಡಿತು. "ನನ್ನಿಂದ್ಲೇ ಹಾಳಾಯ್ತು. ನಾನ್ ಉಳ್ಸು ಅಂದೆ."

"ಹಾಳಾಗ್ಲಿಲ್ಲ ಕಣಮ್ಮಿ. ಬೇರೆ ಒಂದು ಒಪ್ಕೊಂಡ್ರು. ಶೆಡ್ಡಿನ ಕತೆ. ನಿಂದೇ."

ಮುನ್ನೀ ಅವನನ್ನೇ ನೋಡಿದಳು. ಆಮೇಲೆ ನಕ್ಕಳು, ಆಸ್ಪತ್ರೆಯಿಂದ ಬಂದ ಮೇಲೆ ಮೊದಲ ಸಲ. "ನಂದಾ? ಈ ಗಬ್ಬುನಾತ ಯಾರೂ ನೋಡಲ್ಲ ಅಂದಿದ್ದೆ. ಸಿನಿಮಾದಾಗೆ ನಾನಿರ್ತೀನಾ? ಅಲ್ಲಿ ಹೆಸ್ರೇನು ನಂಗೆ?"

"ಹೆಸ್ರಿನ್ನೂ ಇಟ್ಟಿಲ್ಲ."

"ಕೊನೇಲಿ ಏನಾಯ್ತಾಳೆ?"

ರೈಲಿನುದ್ದಕ್ಕೂ ಅವನು ಇದೇ ಪ್ರಶ್ನೆಗೆ ಉತ್ತರ ಕಟ್ಟಿಕೊಂಡು ಬಂದಿದ್ದ. "ವಾಸಿ ಆಯ್ತಾಳೆ. ಒಳ್ಳೆ ಹುಡುಗ ಸಿಕ್ತಾನೆ. ಚೆನ್ನಾಗಿರ್ತಾಳೆ."

ಬೆಳ್ಳುಳ್ಳಿಯ ಮೇಲಿದ್ದ ಅವಳ ಎಡಗೈ ನಿಂತಿತು. ವಹಾಬ್ ಬೇರೆ ಕಡೆ ನೋಡಲು ಹೋದ, ಆಗಲಿಲ್ಲ. ಕೈ ನೋಡುವುದು ಅವನಿಗೆ ಅಷ್ಟು ರೂಢಿಯಾಗಿಹೋಗಿತ್ತು.

"ಉಳಿಸಿದ್ರೆ ಯಾರೂ ತಗೊಳಲ್ಲ ಅಂತ ನೀನೇ ಹೇಳ್ತಿದ್ದೆ ಮಾಮು," ಎಂದಳು ಮುನ್ನೀ.

ಒಳಗಿನಿಂದ ಹಫೀಜಾ, ಏನಾಯ್ತು, ಒಪ್ಪಿದ್ರಾ ಎಂದು ಕೂಗಿ ಕೇಳುತ್ತಿದ್ದಳು. ಒಲೆಯ ಮೇಲೆ ಏನೋ ಇಟ್ಟಿದ್ದಳೆಂದು ಕಾಣುತ್ತದೆ, ಹೊರಗೆ ಬರಲಿಲ್ಲ.

ಮುನ್ನೀ ಉರುಳಿದ್ದ ಬೆಳ್ಳುಳ್ಳಿ ಎಸಳನ್ನು ಎಡಗೈಯಿಂದ ಹೆಕ್ಕಿಕೊಂಡಳು.

"ಅಮ್ಮೀಗೆ ಹೇಳ್ಬೇಡ," ಎಂದಳು. "ಬರೀ ಕತೆ ಅಂದ್ರೂ ತಡ್ಕೊಳಲ್ಲ ಅವ್ಳು."