ಸುಳ್ಳಿಗೊಂದು ಕಾಗೆ

ಆ ಹಾಸ್ಯ ಧಾರಾವಾಹಿಯಲ್ಲಿ ಅವಳದು ತಾಯಿಯ ಪಾತ್ರ. ಮಗಳಾಗಿದ್ದ ಹುಡುಗಿಯದು ಬಾಯಿ ತೆರೆದರೆ ಸುಳ್ಳು. ಪ್ರತಿ ಸುಳ್ಳಿಗೂ ಹಿನ್ನೆಲೆಯಲ್ಲಿ ಒಂದು ಕಾಗೆ ‘ಕಾ’ ಎನ್ನುತ್ತಿತ್ತು. ಮಗಳು ಕಾಗೆ ಹಾರಿಸುತ್ತಿರುವುದು ನೋಡುವವರಿಗೆಲ್ಲ ಗೊತ್ತಾಗಬೇಕು, ತಾಯಿಗೊಬ್ಬಳಿಗೆ ಗೊತ್ತಾಗಬಾರದು, ನಗು ಇರುವುದೇ ಅಲ್ಲಿ ಎಂದು ನಿರ್ದೇಶಕ ಮೊದಲ ದಿನವೇ ಹೇಳಿದ್ದ. ಅವಳಿಗೆ ಕೇಳಿಸುವುದಾದರೂ ಹೇಗೆ? ಕೂಗನ್ನು ಸೇರಿಸುತ್ತಿದ್ದದ್ದು ಆಮೇಲೆ, ಎಡಿಟಿಂಗ್ ಕೋಣೆಯಲ್ಲಿ.

ಸೆಟ್ಟಿನಲ್ಲಿ ಎಲ್ಲರೂ ಹುಡುಗಿಯನ್ನು ಕಾಗೆ ಎಂದೇ ಕರೆಯುತ್ತಿದ್ದರು. ಬಿಡುವು ಸಿಕ್ಕಾಗ ಹುಡುಗಿ ಬಂದು, ಪ್ಲೈವುಡ್ ಗೋಡೆಗೆ ಒರಗಿ ಕೂತ ಅವಳ ತೊಡೆಯ ಮೇಲೆ ತಲೆಯಿಟ್ಟು ಕಣ್ಣು ಮುಚ್ಚುತ್ತಿದ್ದಳು. ಮಕ್ಕಳಿಲ್ಲದ ಅವಳಿಗೆ ಆ ಭಾರ ಬೇಗ ರೂಢಿಯಾಯಿತು.

“ಅಕ್ಕಾ, ಕ್ಯಾಮೆರಾ ಆಫಾಗಿ ಎಷ್ಟೊತ್ತಾಯ್ತು, ಇನ್ನಾದ್ರೂ ಮಗಳನ್ನ ಇಳಿಸಿ” ಎಂದು ಮೇಕಪ್ಪಿನವಳು ಛೇಡಿಸುತ್ತಿದ್ದಳು.

ಜನ ನಗಲಿಲ್ಲ. ಆರೇಳು ಕಂತಿಗೇ ಧಾರಾವಾಹಿ ನಿಂತಿತು. ಸೆಟ್ಟಿನಲ್ಲಿದ್ದ ಅವರ ಮನೆಯ ಗೋಡೆಗಳನ್ನು ಬಿಚ್ಚಿ ಲಾರಿಗೆ ಹೇರುತ್ತಿದ್ದಾಗ ಹುಡುಗಿ ಅವಳ ಕೊರಳಿಗೆ ಜೋತುಬಿದ್ದಳು.

“ಭಾನುವಾರ ಊಟಕ್ಕೆ ಬರ್ತೀನಮ್ಮಾ, ನಿನ್ನಾಣೆ.”

ಪಾತ್ರದ ಏಕವಚನ ಇನ್ನೂ ಬಾಯಲ್ಲೇ ಇತ್ತು. ಮನೆಗೆ ಬರುವ ದಾರಿಯುದ್ದಕ್ಕೂ ಅವಳು ಆ ‘ನಿನ್ನ’ವನ್ನು ಮತ್ತೆ ಮತ್ತೆ ಕೇಳಿಸಿಕೊಂಡಳು. ಈ ಮಾತಿಗೆ ಕೂಗು ಸೇರಿಸಲು ಯಾರೂ ಇರಲಿಲ್ಲ.

ಭಾನುವಾರ ಅಡುಗೆಮನೆಗೆ ಇಣುಕಿದ ಗಂಡ, ಕಾಗೆಯ ಮಾತು ನಂಬಿ ಇಷ್ಟೆಲ್ಲ ಮಾಡಿದ್ದೀಯಲ್ಲೇ ಎಂದು ನಕ್ಕು, ತನ್ನ ಪಾಲು ಬಡಿಸಿಕೊಂಡು ಉಂಡು ಮಲಗಿದ. ಅವಳು ಎರಡು ತಟ್ಟೆ ಹಾಗೇ ಇಟ್ಟು, ಕಿಟಕಿಯ ಹತ್ತಿರ ನಿಂತಳು. ಬೀದಿಯ ತಿರುವಿನಲ್ಲಿ ಆಟೋ ಸದ್ದಾದಾಗಲೆಲ್ಲ ಸೆರಗು ಸರಿಪಡಿಸಿಕೊಂಡಳು. ಪಾತ್ರೆಗಳೆಲ್ಲ ತಣ್ಣಗಾದ ಮೇಲೆ ಫೋನು ಬಂತು.

“ಅಮ್ಮಾ, ದಾರೀಲೇ ಇದ್ದೀನಿ. ತುಂಬಾ ಟ್ರಾಫಿಕ್ಕು. ನೀವು ಊಟ ಮಾಡ್ಬಿಡಿ.”

ಆ ಕಡೆ ನಲ್ಲಿಯ ನೀರು ಬಕೆಟ್ಟಿಗೆ ಬೀಳುವ ಸದ್ದು ಸ್ಪಷ್ಟವಾಗಿ ಕೇಳುತ್ತಿತ್ತು. ಅದಕ್ಕಿಂತ ಸ್ಪಷ್ಟವಾಗಿ ಅವಳಿಗೆ ಕೇಳಿಸಿದ್ದು ಆ ‘ನೀವು’.

“ನಿಧಾನವಾಗಿ ಬಾ ಮಗಳೇ” ಎಂದಳು, ಸೆಟ್ಟಿನಲ್ಲಿ ಹೇಳುತ್ತಿದ್ದ ಅದೇ ದನಿಯಲ್ಲಿ. “ನಾನು ಕಾಯ್ತಿರ್ತೀನಿ.”

ಫೋನಿಟ್ಟು ತಿರುಗಿದರೆ ಕಿಟಕಿಯ ಸರಳಿನಾಚೆ ನಿಜವಾದ ಕಾಗೆಯೊಂದು ಬಂದು ಕೂತಿತ್ತು. ಕತ್ತು ಓರೆಮಾಡಿ ಅವಳನ್ನು ನೋಡಿತು. ಅದರ ಕೊಕ್ಕು ಇನ್ನೇನು ಬಿಚ್ಚಿಕೊಳ್ಳಬೇಕು, ಅವಳು ಹೆಗಲ ಮೇಲಿನ ಟವೆಲ್ಲನ್ನು ಬೀಸಿ ಕಾಗೆ ಹಾರಿಸಿದಳು. ಆಮೇಲೆ ಒಲೆ ಹಚ್ಚಿ, ಸಾರನ್ನು ಮತ್ತೆ ಬಿಸಿಗಿಟ್ಟಳು.