ಎಲ್ಲಕ್ಕೂ ಹೌದು

ಬೆಂದ ಪ್ಲಾಸ್ಟಿಕ್ಕಿನ ವಾಸನೆ, ಅಂದರೆ ಕೃತಕ ಕಾಲಿನ ಕಾರ್ಖಾನೆಯ ಕೆಲಸದ ಕೋಣೆಯಲ್ಲಿ ಒಲೆ ಬಿಸಿಯೇರಿದೆ, ಗಂಟೆ ಹತ್ತು ದಾಟಿದೆ, ಅವಳ ಮುಂದಿನ ಪರದೆಯಲ್ಲಿ ಮಾತ್ರ ಬೆಳಗಿನಿಂದ ಒಂದೇ ಪೆಟ್ಟಿಗೆ, ಬೇಕಾದ ಡಿಎಲ್‌ಎಲ್ ಕಡತ ಸಿಗಲಿಲ್ಲ, ಸರಿ — ಏನು ಸರಿ, ಒತ್ತಿದರೆ ಮುಚ್ಚಿಕೊಳ್ಳುತ್ತದೆ, ತೆರೆದರೆ ಮತ್ತೆ ಅದೇ, ತನ್ನದೊಂದು ಬಿಡಿಭಾಗ ಕಳಕೊಂಡ ಈ ಬ್ಯಾಕಪ್ ತಂತ್ರಾಂಶಕ್ಕೆ ಬೇರೆ ಮಾತೇ ಗೊತ್ತಿಲ್ಲ. ನಿನ್ನೆ ಕರೆಂಟು ಹೋಗಿ ಬಂದು ಅಳತೆಗಳ ಫೋಲ್ಡರ್ ಕೆಟ್ಟಿತು, ಕೆಡಲಿ ಬಿಡಿ ನಕಲು ಇದೆ ಎಂದು ಅವಳೇ ಗತ್ತಿನಿಂದ ಹೇಳಿದ್ದಳು, ನಕಲು ಇರುವುದು ನಿಜ, ಹೊರಗಿನ ಡಿಸ್ಕಿನಲ್ಲಿ ಒಂಬತ್ತು ವರ್ಷದ ಕಾಲುಗಳು ಒಂದೇ ಗಂಟಾಗಿ ಕೂತಿವೆ, ಗಂಟು ಬಿಚ್ಚಲು ಈ ತಂತ್ರಾಂಶವೇ ಬೇಕು, ಇದನ್ನು ಮಾಡಿದ ಕಂಪನಿ ಬಾಗಿಲು ಹಾಕಿ ಆರು ವರ್ಷ, ಇದರ ಸಿಡಿ ಎಲ್ಲಿ ಕಳೆಯಿತೋ. ಹೊರಗೆ ಬೆಂಚಿನ ಮೇಲೆ ಬಸ್ ಕಂಡಕ್ಟರ್ ಕೂತಿದ್ದಾಳೆ, ಎಡಗಾಲು ಮೊಣಕಾಲಿನ ಕೆಳಗೆ ಒಂದು ಗೇಣು ಮಾತ್ರ, ಕೃತಕ ಕಾಲಿನಲ್ಲಿ ಮೊಂಡು ಕೂರುವ ಬಟ್ಟಲು ಸೀಳಿದೆ, ಸೀಳಿದ್ದನ್ನೇ ಹಾಕಿಕೊಂಡು ವಾರವಿಡೀ ಡ್ಯೂಟಿ ಮಾಡಿ ಮೊಂಡು ಬಾತುಕೊಂಡಿದೆ, ಅಲ್ಲಮ್ಮಾ ಸೀಳಿದ ದಿನಾನೇ ಬರೋದಲ್ವಾ ಅಂದರೆ, ರಜೆ ಯಾರು ಕೊಡ್ತಾರಕ್ಕಾ, ನಿಮ್ಮ ಮಾವ ಕೊಡ್ತಾರಾ, ಎಂದು ನಕ್ಕಳು. ಶುಕ್ರವಾರ ಡಿಪೋದಲ್ಲಿ ಅವಳಿಗೆ ಪರೀಕ್ಷೆ, ಬಸ್ಸಿನ ಮೆಟ್ಟಿಲು ಹತ್ತಿ ಇಳಿದು ತೋರಿಸಬೇಕು, ಇಲ್ಲದಿದ್ದರೆ ಕೆಲಸಕ್ಕೆ ಎಳ್ಳುನೀರು. ಈಗ ಅಳೆದರೆ ಸಿಗುವುದು ಬಾವಿನ ಅಳತೆ, ಬಾವು ಇಳಿದ ಮೇಲೆ ಬಟ್ಟಲು ಲೊಡಲೊಡ, ಬೇಕಾದದ್ದು ಆರು ತಿಂಗಳ ಹಿಂದೆ ತೆಗೆದ ಆಕಾರ, ಕಣಕಾಲ ಮೂಳೆಯ ಎಡಕ್ಕೆ ಬೆರಳ ತುದಿಯಷ್ಟು ತಗ್ಗು ಇರುವ ಆಕಾರ, ಆ ತಗ್ಗು ಅಳತೆ ತೆಗೆದ ಇವಳ ಹೆಬ್ಬೆರಳಿಗೆ ಗೊತ್ತು, ಆದರೆ ಹೆಬ್ಬೆರಳಿನ ನೆನಪಿನಿಂದ ಕಾಲು ಮಾಡಲಾಗುವುದಿಲ್ಲ.

ಕಂಪ್ಯೂಟರ್ ರಿಪೇರಿಯವನು ಬಂದ, ಕೂತ, ಡಿಎಲ್‌ಎಲ್ ತಾನೇ ಮೇಡಂ, ನೆಟ್ಟಲ್ಲಿ ರಾಶಿ ಬಿದ್ದಿವೆ, ಅದೇ ಹೆಸರಿನದೊಂದನ್ನು ಇಳಿಸಿ ತುರುಕಿದ, ಪೆಟ್ಟಿಗೆಯ ಮಾತು ಬದಲಾಯಿತು ಅಷ್ಟೇ, ಕಡತ ಸಿಕ್ಕಿತು, ಅದರೊಳಗೆ ಬೇಕಾದದ್ದು ಸಿಗಲಿಲ್ಲ — ಹೆಸರು ಅದೇ, ಆವೃತ್ತಿ ಬೇರೆ, ಬಲಗಾಲಿಗೆ ಮಾಡಿದ್ದನ್ನು ಎಡಗಾಲಿಗೆ ತೊಡಿಸಿದ ಹಾಗೆ. ಕಂಪ್ಯೂಟರನ್ನೇ ಪೂರ್ತಿ ಅಳಿಸಿ ಹೊಸದಾಗಿ ಹಾಕಿಬಿಡೋಣ ಮೇಡಂ, ಎಂದ, ಹಾಗೆ ಮಾಡಿದರೆ ಈ ತಂತ್ರಾಂಶವೂ ಹೋಯಿತು, ಒಂಬತ್ತು ವರ್ಷವೂ ಹೋಯಿತು. ಕಾರ್ಖಾನೆಯ ಯಜಮಾನ, ಅವಳ ಸೋದರಮಾವ, ಬಾಗಿಲಿಗೆ ಒರಗಿದ್ದಾನೆ, ಏನಮ್ಮಾ ಪಂಡಿತೆ, ರಟ್ಟಿನ ಪುಸ್ತಕದಲ್ಲಿ ಬರ್ಕೊಂಡಿದ್ರೆ ಕರೆಂಟು ಹೋದಾಗ ಪುಸ್ತಕ ಹೋಗ್ತಿತ್ತಾ, ಸುಮ್ಮನಿರು ಮಾವ, ಸುಮ್ಮನಿರು, ತಲೆ ಓಡಲಿ — ಆಗಲೇ ಕೆಲಸದ ಕೋಣೆಯಲ್ಲಿ ಕೂಗಾಟ, ಅಲ್ಲಿ ಎರಡು ಮೇಜು, ಎರಡಕ್ಕೂ ನಡುವೆ ಒಂದೇ ಒಲೆ, ಎಡಮೇಜಿನವನು ಒಲೆ ಆರಿಸಿದನಂತೆ, ನಿಂದು ಮುಗೀತು ಅಂತ ಆರಿಸ್ತೀಯೇನೋ, ನನ್ನ ಪ್ಲಾಸ್ಟಿಕ್ ಹಾಳೆ ಇನ್ನೂ ಹಲಗೆ ಥರ ಇದೆ ನೋಡು, ಬಲಮೇಜಿನವಳ ಗಂಟಲು ಮೂರು ಬೀದಿಗೆ ಕೇಳುತ್ತದೆ, ಅವನು, ಇನ್ಯಾರಿಗೂ ಬೇಡ ಅಂದ್ಕೊಂಡೆ ಕಣಮ್ಮಾ — ಇನ್ಯಾರಿಗೂ ಬೇಡ. ರಿಪೇರಿಯವನ ಕುರ್ಚಿ ಹಿಡಿದು ನಿಂತಿದ್ದ ಅವಳು ನೆಟ್ಟಗಾದಳು. ಹೋದ ಸೋಮವಾರ, ಕಂಪ್ಯೂಟರ್ ಚೊಕ್ಕ ಮಾಡುತ್ತೇನೆಂದು ಹಳೆಯ ಲೇಬಲ್ ಮುದ್ರಿಸುವ ತಂತ್ರಾಂಶ ತೆಗೆದಳು, ಅದು ಕೇಳಿತ್ತು, ಬೇರೆ ತಂತ್ರಾಂಶಗಳೂ ಬಳಸುವ ಈ ಹಂಚಿಕೆಯ ಕಡತಗಳು ಇನ್ಯಾರಿಗೂ ಬೇಡವೆಂದು ತೋರುತ್ತದೆ, ತೆಗೆಯಲೇ, ಅವಳು ಓದಿಯೂ ಓದದೆ ಒತ್ತಿದಳು, ಎಲ್ಲಕ್ಕೂ ಹೌದು. ಲೇಬಲ್ಲಿನದೂ ಬ್ಯಾಕಪ್ಪಿನದೂ ಒಂದೇ ಕಂಪನಿ, ಎರಡಕ್ಕೂ ಒಂದೇ ಡಿಎಲ್‌ಎಲ್, ಎರಡು ಮೇಜು, ಒಂದು ಒಲೆ, ಇಷ್ಟೇ, ಇಷ್ಟಕ್ಕೆ ಬೆಳಗಿನಿಂದ ರಾಮಾಯಣ!

ಏಳಪ್ಪಾ, ಕುರ್ಚಿ ಬಿಡು, ರಿಪೇರಿಯವನು ಎದ್ದ. ಲೇಬಲ್ಲಿನ ಸಿಡಿ ಎಲ್ಲಿ, ಬೀರುವಿನಲ್ಲಿ, ಪ್ರಿಂಟರಿನ ಖಾಲಿ ಡಬ್ಬದಲ್ಲಿ, ಇದೆ, ಗೀರು ಬಿದ್ದಿದೆ ಆದರೆ ಇದೆ, ಮೊದಲು ಇವನು ತುರುಕಿದ್ದನ್ನು ಕಿತ್ತೆಸೆದಳು, ಅದು ಕೂತಿದ್ದರೆ ಇದಕ್ಕೆ ಜಾಗ ಬಿಡದು, ಸಿಡಿ ಗರಗರ ತಿರುಗಿತು, ನಿಂತಿತು, ಅಯ್ಯೋ, ಮತ್ತೆ ತಿರುಗಿತು, ಮುಗಿಯಿತು, ಹಂಚಿಕೆಯ ಫೋಲ್ಡರ್ ತೆರೆದಳು, ಕೂತಿದೆ ಮಹರಾಯ, ಅದೇ ಹೆಸರು, ನೆಟ್ಟಿನದಕ್ಕಿಂತ ಎರಡು ಆವೃತ್ತಿ ಹಳೆಯದು, ಹಳೆಯದೇ ಬೇಕಿತ್ತು. ಬ್ಯಾಕಪ್ ಒತ್ತಿದಳು, ಪೆಟ್ಟಿಗೆ ಬರಲಿಲ್ಲ, ಬರಲಿಲ್ಲ, ಕಿಟಕಿ ತೆರೆಯಿತು, ಒಂಬತ್ತು ವರ್ಷ ಸಾಲಾಗಿ ಇಳಿದುಬಂತು. ಅದನ್ನೇ ಮೇಡಂ ನಾನೂ ಹೇಳೋಣ ಅಂತಿದ್ದೆ, ಹೇಳಪ್ಪಾ, ಈಗ ಹೇಳು, ಎಂದು ಮಾವ ಗಹಗಹಿಸಿದ, ಅವಳಿಗೆ ಮುಚ್ಚಿಡುವ ಮನಸ್ಸೇ ಇಲ್ಲ, ಕಿತ್ತಿದ್ದೂ ನಾನೇ ಮಾವ, ತಂದಿದ್ದೂ ನಾನೇ, ಬೈಯೋದಾದರೆ ಅರ್ಧ ಬೈಯಿ, ಅವನು, ಅರ್ಧ ನಾಳೆ ಬೈತೀನಿ, ಈಗ ಕಾಲು ತೆಗಿ. ಕಂಡಕ್ಟರಮ್ಮಾ, ಒಳಗೆ ಬಾ, ಕುಂಟಿಕೊಂಡೇ ಬಾ, ಊರುಗೋಲಿನ ಟಕ್‌ಟಕ್ ಹತ್ತಿರವಾಯಿತು, ಶುಕ್ರವಾರಕ್ಕೆ ಆಗತ್ತಾ ಅಕ್ಕಾ, ಗುರುವಾರಕ್ಕೇ ಆಗತ್ತೆ, ಹೆಸರು ಒತ್ತಿದಳು, ಪರದೆಯಲ್ಲಿ ಬೂದು ಬಣ್ಣದ ಆಕಾರ ಮೆಲ್ಲಗೆ ತಿರುಗಿತು, ಹಿಂಭಾಗ, ಬಲ, ಮುಂಭಾಗ, ಮೂಳೆಯ ಎಡಕ್ಕೆ ಬಂದಾಗ ಬೆರಳ ತುದಿಯಷ್ಟು ನೆರಳು, ತಗ್ಗು, ಮತ್ತೆ ಒಂದು ಸುತ್ತು, ತಗ್ಗು, ಅವಳ ಹೆಬ್ಬೆರಳು ತಾನಾಗಿ ಗಾಜಿನ ಮೇಲೆ ಹೋಗಿ ಕೂತಿತು, ತಗ್ಗು.